ಹೊಟ್ಟೆ ಕೆಟ್ಟ ಕೂಸಿಗೆ ಚಮಚದ ಲೆಕ್ಕ

ವಿಜಯಪುರದ ಮೇ ತಿಂಗಳು. ಒಂದೂವರೆ ವರ್ಷದ ಕೂಸಿಗೆ ನಸುಕಿನಿಂದ ವಾಂತಿ, ಭೇದಿ. ಇಂಥ ಬಿಸಿಲಲ್ಲಿ ಮೈಯ ನೀರು ಬೆವರಿನಲ್ಲೂ ಹೋಗುತ್ತದೆ. ಓಆರ್‌ಎಸ್ (ಪಾಕೀಟಿನ ಉಪ್ಪು-ಗ್ಲೂಕೋಸ್ ಪುಡಿ ಕಲಸಿದ ನೀರು) ಕುಡಿಸಿದ ಕೂಡಲೇ ಭೇದಿ ನಿಲ್ಲುವುದಿಲ್ಲ. ಅದು ಹೋದ ನೀರು, ಉಪ್ಪನ್ನು ಮರಳಿ ತುಂಬುತ್ತದೆ, ಅಷ್ಟೇ. ಇದು ಗೊತ್ತಿಲ್ಲದೆ "ಏನೂ ಗುಣಾ ಆಗವಲ್ದು" ಎಂದು ಮಧ್ಯಾಹ್ನಕ್ಕೇ ಲೋಟ ಬದಿಗಿಡುತ್ತಾರೆ. ಕೂಸು ಬಾಡುವುದು ಆಮೇಲೆ.

ದೊಡ್ಡ ಪಾಕೀಟು ಒಂದು ಲೀಟರಿಗೆ, ಸಣ್ಣದು 200 ಮಿಲಿಗೆ. ಮೇಲೆ ಬರೆದದ್ದು ಓದಿ, ಕುದಿಸಿ ಆರಿಸಿದ ನೀರಿಗೆ ಪೂರ್ತಿ ಪುಡಿ ಹಾಕಬೇಕು. ದೊಡ್ಡ ಪಾಕೀಟಿನ ಪುಡಿಯನ್ನು ಅಂದಾಜಿನಲ್ಲಿ ಲೋಟಕ್ಕೆ ಸುರಿದರೆ ಉಪ್ಪು ಮಿತಿ ಮೀರುತ್ತದೆ. ರುಚಿಗೆಂದು ಸಕ್ಕರೆ ಬೇಡ. ಕರುಳಿನಲ್ಲಿ ಗ್ಲೂಕೋಸ್ ಜೊತೆ ಉಪ್ಪಿನ ಸೋಡಿಯಂ ಮೈಯೊಳಗೆ ಹೋಗುತ್ತದೆ, ಅದರ ಬೆನ್ನಿಗೆ ನೀರು. ಸಿಹಿ ಹೆಚ್ಚಾದರೆ ನೀರು ಕರುಳಿಗೇ ಇಳಿದು ಭೇದಿ ಜಾಸ್ತಿ. ತಂಪು ಪಾನೀಯ, ಬರೀ ಗ್ಲೂಕೋಸ್ ಪುಡಿ ಬೇಡವೆನ್ನುವುದೂ ಇದಕ್ಕೇ. ಕಲಸಿದ್ದನ್ನು ಮುಚ್ಚಿಡಿ, 24 ತಾಸಿನ ಮೇಲೆ ಚೆಲ್ಲಿ.

ಬಾಯಾರಿದ ಕೂಸು ಲೋಟವನ್ನೇ ಎಳೆದುಕೊಳ್ಳುತ್ತದೆ. ಗಟಗಟ ಕುಡಿದರೆ ಅಷ್ಟೂ ವಾಂತಿ. ವಾಂತಿಯಾದರೆ 10 ನಿಮಿಷ ಬಿಟ್ಟು, ಮೂರು ನಿಮಿಷಕ್ಕೊಂದು ಚಮಚ. 5 ಮಿಲಿ ಚಮಚವಾದರೂ ತಾಸಿಗೆ 100 ಮಿಲಿ ಹೊಟ್ಟೆ ಸೇರುತ್ತದೆ. ಎರಡು ವರ್ಷದೊಳಗಿನ ಕೂಸಿಗೆ ಪ್ರತಿ ಭೇದಿಗೆ 50ರಿಂದ 100 ಮಿಲಿ ಬೇಕು. ತಾಯಿಹಾಲು ನಿಲ್ಲಿಸಬಾರದು.

"ಹೊಟ್ಟಿ ಖಾಲಿ ಬಿಡ್ರಿ, ತಿಂದದ್ದೆಲ್ಲಾ ಹೊರಗ ಬರ್ತೈತಿ" ಎಂದು ಮನೆಯ ಆಯಿ ಹೇಳುವುದು ಅಕ್ಕರೆಯಿಂದಲೇ. ಆದರೆ ಉಪವಾಸದಲ್ಲಿ ಕರುಳು ಚೇತರಿಸಿಕೊಳ್ಳುವುದು ತಡ. ವಾಂತಿ ತಗ್ಗಿದ ಮೇಲೆ ಅಕ್ಕಿ, ಹೆಸರುಬೇಳೆ ಮೆತ್ತಗೆ ಬೇಯಿಸಿ, ಕಿವುಚಿ, ಮೇಲೆ ಚಮಚ ತುಪ್ಪ ಹಾಕಿ ಕೊಡಿ. ಹುಳಿಯಿಲ್ಲದ ಮೊಸರನ್ನ, ಹಿಸುಕಿದ ಬಾಳೆಹಣ್ಣೂ ಆದೀತು. ಬರೀ ತಿಳಿ ಗಂಜಿ ಹೊಟ್ಟೆ ತುಂಬಿಸುತ್ತದೆ, ಕಸುವು ಕೊಡುವುದಿಲ್ಲ. ಮೂರು ನಾಲ್ಕು ತಾಸಿಗೊಮ್ಮೆ ನಾಲ್ಕೇ ತುತ್ತು ತಿಂದರೂ ಸರಿ.

ಆರು ತಾಸು ಉಚ್ಚೆ ಇಲ್ಲ, ಅತ್ತರೆ ಕಣ್ಣೀರಿಲ್ಲ, ಕಣ್ಣು ಗುಳಿಬಿದ್ದಿದೆ, ಹೊಟ್ಟೆಯ ಚರ್ಮ ಚಿವುಟಿ ಬಿಟ್ಟರೆ ನಿಧಾನಕ್ಕೆ ಇಳಿಯುತ್ತದೆ, ಭೇದಿಯಲ್ಲಿ ರಕ್ತ, ಕುಡಿದದ್ದೆಲ್ಲ ವಾಂತಿ, ಕೂಸು ಮಂಕಾಗಿದೆ: ಇವುಗಳಲ್ಲಿ ಒಂದು ಕಂಡರೂ, ರಾತ್ರಿಯಾಗಿದ್ದರೂ, ಕೂಡಲೇ ಆಸ್ಪತ್ರೆಗೆ. ದೊಡ್ಡವರ ಭೇದಿ ನಿಲ್ಲಿಸುವ ಗುಳಿಗೆ ಮಕ್ಕಳಿಗೆ ಕೊಡಲೇಬೇಡಿ.

ಡಾಕ್ಟರು ಕೊಡುವ ಸತುವಿನ (ಜಿಂಕ್) ಗುಳಿಗೆ, ಆರು ತಿಂಗಳು ಮೀರಿದ ಕೂಸಿಗೆ ದಿನಕ್ಕೆ 20 ಮಿಗ್ರಾಂ. ಚಮಚದಷ್ಟು ನೀರಿನಲ್ಲಿ ಅದು ಕರಗುತ್ತದೆ. ಭೇದಿ ಮೂರನೇ ದಿನ ನಿಂತರೂ 14 ದಿನ ಮುಗಿಸಬೇಕು. ಆ ಎರಡು ವಾರವೂ ದಿನಕ್ಕೊಂದು ಊಟ ಹೆಚ್ಚಿಗೆ ಕೊಡಿ.