ಚೀನೀ ಕಪಾಟಿನ ವರದಿ: ಶಿಯಾಂಗ್ಜಿಗೆ ಎಷ್ಟು ಕೊನೆ?

ಕೊನೆಗೂ ಪತ್ತೆಯಾಯಿತು. ಚೀನೀ ಲೇಖಕ ಲಾವೊ ಶೆ ಅವರ ರಿಕ್ಷಾ ಕಾದಂಬರಿಯನ್ನು ಕತ್ತರಿಸಿ, ತಿದ್ದಿ ಹಲವು ರೂಪಗಳಲ್ಲಿ ಅಚ್ಚು ಹಾಕಿದ್ದಾರೆ; ಯಾವ ಚೀನೀ ಪ್ರತಿ ಕೈಗೆ ಬಂದರೂ ಅದು ಯಾವ ಪಾಠ, ಅಂದರೆ ಯಾವ ರೂಪ, ಅಂತ ಈಗ ಐದು ನಿಮಿಷದಲ್ಲಿ ಹೇಳಬಹುದು. ಎರಡು ಜಾಗ ನೋಡಿದರೆ ಸಾಕು. ಯಾವ ಜಾಗ ಅಂತ ಹೇಳುವ ಮೊದಲು ಸ್ವಲ್ಪ ಗೊಣಗಾಟ ಇದೆ, ಸಹಿಸಿಕೊಳ್ಳಿ.

1918ರಿಂದ 1949ರವರೆಗಿನ ಚೀನೀ ಕಥೆ, ಕಾದಂಬರಿಗಳ ನನ್ನ ಕಾಲಪಟ್ಟಿ ಬಹುಮಟ್ಟಿಗೆ ತುಂಬಿದೆ. ಲು ಶುನ್, ಯು ದಾಫು, ಮಾವೊ ತುನ್ ಈ ಲೇಖಕರ ಸಾಲುಗಳಲ್ಲಿ ಹೊಸದೇನೂ ಇಲ್ಲ, ಬಿಟ್ಟುಬಿಡೋಣ. ಪತ್ರಿಕೆಯಲ್ಲಿ ಬಂದ ವರ್ಷಕ್ಕೆ ಒಂದು ಕಾಲಂ, ಪುಸ್ತಕವಾದ ವರ್ಷಕ್ಕೆ ಒಂದು, ಲೇಖಕರೇ ತಿದ್ದಿದ ವರ್ಷಕ್ಕೆ ಇನ್ನೊಂದು. ನಿಮ್ಮ ಹತ್ತಿರವೂ ಇಂಥದ್ದೇ ಶೀಟ್ ಇರುತ್ತದೆ, ಅಲ್ವಾ? ತಲೆನೋವು ಇರುವುದು ಆ ಮೂರನೇ ಕಾಲಂನಲ್ಲಿ.

ರಿಕ್ಷಾ ಕಾದಂಬರಿಯ ನಾಯಕ ಶಿಯಾಂಗ್ಜಿಯ ಕಥೆ ಗೊತ್ತೇ ಇದೆ. ಹಳ್ಳಿಯಿಂದ ಬೀಜಿಂಗ್‌ಗೆ ಬಂದ ಹುಡುಗ. ಸ್ವಂತ ರಿಕ್ಷಾ ಬೇಕು ಅನ್ನುವುದೊಂದೇ ಆಸೆ. 1936-37ರಲ್ಲಿ ಇದು 'ಯುಜೌ ಫೆಂಗ್' ಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂತು, ಒಟ್ಟು 24 ಅಧ್ಯಾಯ. 1939ರಲ್ಲಿ ಪುಸ್ತಕವಾಯಿತು. ಅಲ್ಲಿ ಅವನು ಪ್ರೀತಿಸಿದ ಶ್ಯಾವೊಫೂಜಿ ನೇಣು ಹಾಕಿಕೊಳ್ಳುತ್ತಾಳೆ. ಅವನೋ, ರಿಕ್ಷಾ ಎಳೆಯುವವರನ್ನು ಸಂಘಟಿಸಲು ಬಂದ ರುವಾನ್ ಮಿಂಗ್‌ನನ್ನು 60 ಯುವಾನ್‌ಗೆ ಹಿಡಿದುಕೊಟ್ಟು, ಕೊನೆಗೆ ಮದುವೆ, ಶವಯಾತ್ರೆಗಳಲ್ಲಿ ಬಾವುಟ ಹಿಡಿದು ನಡೆಯುವ ಸ್ಥಿತಿಗೆ ಇಳಿಯುತ್ತಾನೆ.

1945ರಲ್ಲಿ ಇವಾನ್ ಕಿಂಗ್ ಎಂಬ ಹೆಸರಿನಲ್ಲಿ ಬರೆಯುತ್ತಿದ್ದ ಅಮೆರಿಕದವರು ಇದನ್ನು ಇಂಗ್ಲಿಷಿಗೆ ತಂದರು. ಪುಸ್ತಕ ಅಲ್ಲಿ ಭರ್ಜರಿ ಖರ್ಚಾಯಿತು. ಆದರೆ ಅದರಲ್ಲಿ ಶಿಯಾಂಗ್ಜಿ ಹೋಗಿ ಶ್ಯಾವೊಫೂಜಿಯನ್ನು ಬಿಡಿಸಿಕೊಂಡು ಬರುತ್ತಾನೆ! ಶುಭಂ. ಇದೇ ಕಿಂಗ್ ಲಾವೊ ಶೆ ಅವರ ಇನ್ನೊಂದು ಕಾದಂಬರಿಗೂ ಕೈ ಹಾಕಿದರು. ಆಗ ಅಮೆರಿಕದಲ್ಲೇ ಇದ್ದ ಲೇಖಕರು ಸುಮ್ಮನಿರದೆ ಹೆಲೆನಾ ಕುವೊ ಅವರಿಂದ ಬೇರೆ ಅನುವಾದ ಮಾಡಿಸಿದರು. ಒಳ್ಳೆಯದೇ ಮಾಡಿದರು.

ಈ ಪಾಠವನ್ನು ಗುರುತಿಸಲು ಕಷ್ಟವೇ ಇಲ್ಲ, ನಾಯಕಿ ಬದುಕಿದ್ದರೆ ಕಿಂಗ್. ನಿಜವಾದ ಕಾಟ ಲಾವೊ ಶೆ ಅವರದೇ ಕತ್ತರಿಯದು. 1951ರಲ್ಲಿ ಬಂದ ಆಯ್ದ ಕೃತಿಗಳ ಪುಸ್ತಕದಲ್ಲಿ ಕಾದಂಬರಿ ಸಾಕಷ್ಟು ಸಂಕ್ಷೇಪವಾಗಿದೆ. ಶಿಯಾಂಗ್ಜಿ ಹಾಗೆ ಸತ್ತರೆ ನಮಗೇನು ಆಸೆ ಉಳಿಯಿತು ಅಂತ ಕೆಲಸಗಾರರು ಕೇಳಿದರು, ನನ್ನ ಹತ್ತಿರ ಉತ್ತರ ಇರಲಿಲ್ಲ ಅಂತ ಅದರ ಮುನ್ನುಡಿಯಲ್ಲಿ ಬರೆದುಕೊಂಡಿದ್ದಾರೆ. 1955ರ ಆವೃತ್ತಿಯಲ್ಲಿ ಕೊನೆಯ ಒಂದೂವರೆ ಅಧ್ಯಾಯವೇ ಮಾಯ. 23ನೆಯದರ ಅರ್ಧ, 24 ಪೂರ್ತಿ. ಹಾಗಾಗಿ ರುವಾನ್ ಮಿಂಗ್‌ನನ್ನು ಮಾರಿದ್ದೂ ಇಲ್ಲ, ಶಿಯಾಂಗ್ಜಿಯನ್ನು ಸ್ವಾರ್ಥಿ ವ್ಯಕ್ತಿವಾದದ ದಿಕ್ಕೆಟ್ಟ ಪ್ರೇತ ಅಂತ ಬೈಯುವ ಕೊನೇ ವಾಕ್ಯವೂ ಇಲ್ಲ. ಆ ವಾಕ್ಯ ಓದಿದ ವಿಮರ್ಶಕರಿಗೆ ಇದು ಒಂಟಿಯಾಗಿ ಹೋರಾಡಿ ಹಾಳಾದವನ ಕಥೆ. ಓದದವರಿಗೆ ಸಮಾಜ ತುಳಿದುಹಾಕಿದ ಬಡವನ ಕಥೆ. ಇಬ್ಬರೂ ಬೇರೆ ಬೇರೆ ಪುಸ್ತಕ ಓದಿಕೊಂಡು ಜಗಳ ಆಡುತ್ತಾರೆ ಅಂತ ನನಗೆ ಅನ್ನಿಸುತ್ತದೆ.

ಹಾಗಾದರೆ ಅಧ್ಯಾಯ ಎಣಿಸಿದರೆ ಸಾಕಲ್ಲ ಅಂತ ನೀವು ಕೇಳಬಹುದು. ಸಾಲದು. ಕತ್ತರಿಸಿದ ಆ ಬಾಲವನ್ನು ಆಮೇಲೆ ಮತ್ತೆ ಸೇರಿಸಿ ಅಚ್ಚು ಹಾಕಿದ್ದಾರೆ. ನನ್ನ ಹತ್ತಿರ ಇರುವ ಒಂದು ಫೈಲ್‌ನಲ್ಲಿ 24 ಅಧ್ಯಾಯ ಸರಿಯಾಗಿಯೇ ಇವೆ, ಆದರೆ ಒಳಗಿನ ಮಾತು ಮಾತ್ರ ಎಲ್ಲೋ ತೊಳೆದಿಟ್ಟ ಹಾಗೆ ನಯ. ಯಾವ ಮುದ್ರಣದಿಂದ ತೆಗೆದದ್ದು ಅಂತ ಒಂದು ಸಾಲೂ ಇಲ್ಲ. ಇದರ ಜೊತೆ ಹಳೇ ಪುಸ್ತಕ ಮಾರುವವರ ಕಾಟ ಬೇರೆ. ಮುಖಪುಟದ ಫೋಟೋ ನಾಲ್ಕು ಕೋನದಿಂದ ಹಾಕುತ್ತಾರೆ. ಹಕ್ಕುಗಳ ಪುಟದ ಫೋಟೋ ಕೇಳಿದರೆ 'ಕಂಡೀಷನ್ ಚೆನ್ನಾಗಿದೆ ಸಾರ್' ಅಂತ ಉತ್ತರ. ಕಂಡೀಷನ್ ಯಾರು ಕೇಳಿದರು? ಇಸವಿ ಹೇಳಪ್ಪಾ!

ದಾರಿ ಸಿಕ್ಕಿದ್ದು 6ನೇ ಅಧ್ಯಾಯದಲ್ಲಿ. ರಿಕ್ಷಾ ಬಾಡಿಗೆಗೆ ಕೊಡುವ ಮಾಲೀಕನ ಮಗಳು ಹೂನಿಯು ಶಿಯಾಂಗ್ಜಿಗೆ ಕುಡಿಸುವ ರಾತ್ರಿ. ಕೋಣೆಯ ದೀಪ ಆರುತ್ತದೆ. ಆಮೇಲೆ ಕಪ್ಪು ಆಕಾಶ, ಜಾರಿ ಬೀಳುವ ನಕ್ಷತ್ರಗಳು, ಒಂದಿಡೀ ವರ್ಣನೆ. ಒಳಗೆ ನಡೆದದ್ದನ್ನು ಹೇಳದೆ ಹೇಳುವ ಜಾಗ ಅದು. 1955ರಲ್ಲಿ ಇದನ್ನೂ ತೆಗೆದರು. ಒಳ್ಳೆಯ ಗದ್ಯ ಅದು, ಹೋದದ್ದು ನಷ್ಟವೇ. ಈಗ ಪರೀಕ್ಷೆ ಹೀಗೆ: ನಕ್ಷತ್ರವೂ ಇದೆ, ರುವಾನ್ ಮಿಂಗ್‌ನ ಮಾರಾಟವೂ ಇದೆ ಅಂದರೆ ಹಳೇ ಪಾಠ. ಎರಡೂ ಇಲ್ಲ, ಕಥೆ 23ರಲ್ಲಿ ನಿಂತಿದೆ ಅಂದರೆ 1955. ಮಾರಾಟ ಇದೆ ಆದರೆ ನಕ್ಷತ್ರ ಇಲ್ಲ ಅಂದರೆ ಯಾರೋ ತಿದ್ದಿದ ಮೈಗೆ ಹಳೇ ಬಾಲ ಅಂಟಿಸಿದ್ದಾರೆ. ನನ್ನ ಆ ಫೈಲ್ ಈ ಮೂರನೇ ಜಾತಿಯದ್ದು. ಅಧ್ಯಾಯಗಳೇ ಸಾಕಷ್ಟು ಕಮ್ಮಿ ಇದ್ದರೆ 1951ರ ಸಂಕ್ಷೇಪ ಇರಬಹುದು ಅಂತ ಅನುಮಾನಪಡಿ.

ಪಂಪ ರನ್ನರಿಗೆ ಪಾಠಾಂತರ ನೋಡುವ ಊರಿನವರು ನಾವು, ಆದರೆ ನೂರು ವರ್ಷವೂ ಆಗದ ಕಾದಂಬರಿಗೆ ಇದೆಲ್ಲ ಯಾಕೆ ಅಂತ ಮನೆಯಲ್ಲಿ ಕೇಳುತ್ತಾರೆ. ಇದು ಕೋರ್ಟಿನವರೆಗೂ ಹೋಗುವ ಕೆಲಸ ಅಂತ ಅವರಿಗೆ ಹೇಳಿಲ್ಲ. ಚಿಯೆನ್ ಜೋಂಗ್‌ಶು ಅವರ 1947ರ ಕಾದಂಬರಿಗೆ 1991ರಲ್ಲಿ ಒಬ್ಬರು ಎಲ್ಲ ಪಾಠಾಂತರ ಸೇರಿಸಿ ಪುಸ್ತಕ ತಂದರು. ಲೇಖಕರು, ಅವರ ಪ್ರಕಾಶಕರು ಕೇಸ್ ಹಾಕಿ ಗೆದ್ದರು. ಆದ್ದರಿಂದ ನನ್ನ ಶೀಟ್ ನನ್ನ ಲ್ಯಾಪ್‌ಟಾಪ್‌ನಲ್ಲೇ ಇರುತ್ತದೆ.

ಮುಂದಿನದು ಬಾ ಜಿನ್ ಅವರ 'ಜ್ಯಾ' (ಕುಟುಂಬ) ಕಾದಂಬರಿ ಅಂದುಕೊಂಡಿದ್ದೆ. 1931ರಲ್ಲಿ ಶಾಂಘೈ ದಿನಪತ್ರಿಕೆಯಲ್ಲಿ ಶುರುವಾಗಿ, 1933ರಲ್ಲಿ ಪುಸ್ತಕವಾಗಿ, ಆಮೇಲೆ ಲೇಖಕರು ಅದನ್ನು ತಿದ್ದಿದ್ದೇ ತಿದ್ದಿದ್ದು. ಅಷ್ಟು ಧೈರ್ಯ ಈಗ ಇಲ್ಲ. ಮೊದಲು ಯೆ ಶೆಂಗ್‌ತಾವೊ ಅವರು ಒಬ್ಬ ಮೇಷ್ಟರ ಬಗ್ಗೆ ಬರೆದ ಕಾದಂಬರಿ ತೆಗೆದುಕೊಳ್ಳುತ್ತೇನೆ. 1928ರಲ್ಲಿ 30 ಅಧ್ಯಾಯ ಇದ್ದದ್ದು 1953ರಲ್ಲಿ 22ಕ್ಕೆ ಇಳಿದಿದೆ. ಇಲ್ಲಿ ಬಾಲ ಮಾತ್ರ ಅಲ್ಲ, ನಡುವಿನಿಂದ 20ನೆಯದನ್ನೂ ಎತ್ತಿದ್ದಾರೆ, ಹೊಲಿಗೆ ಎಲ್ಲಿ ಹಾಕಿದ್ದಾರೆ ನೋಡಬೇಕು. ನಿಮ್ಮಲ್ಲಿ ಯಾರ ಹತ್ತಿರವಾದರೂ 1953ರ ಪ್ರತಿ ಇದ್ದರೆ 19ನೇ ಅಧ್ಯಾಯದ ಕೊನೇ ಪುಟ, ಅದರ ಮುಂದಿನ ಪುಟ, ಹಕ್ಕುಗಳ ಪುಟ, ಇಷ್ಟರ ಫೋಟೋ ಕಳಿಸಿ. ಮುಖಪುಟ ಬೇಡ.