ಸರಾಯೆವೊದಿಂದ ಬ್ರಚ್ಕೊವರೆಗೆ: ಡೇಟನ್ ಗೆರೆಯ ಎರಡೂ ಬದಿ

ಬೋಸ್ನಿಯಾ-ಹರ್ಜೆಗೊವಿನಾದ ರಾಜಧಾನಿ ಸರಾಯೆವೊ ನಗರಕ್ಕೆ ಎರಡು ಬಸ್ ನಿಲ್ದಾಣ. ಒಂದು ಊರ ನಡುವೆ, ರೈಲು ನಿಲ್ದಾಣದ ಪಕ್ಕದಲ್ಲಿದೆ. ಮೊಸ್ತಾರ್, ಜಾಗ್ರೆಬ್ ಕಡೆಗೆ ಹೋಗುವವರಿಗೆ ಅದು ಸರಿ. ಬೆಲ್‌ಗ್ರೇಡ್‌ ಕಡೆಯ ಹೆಚ್ಚಿನ ಬಸ್ಸುಗಳಿಗೆ ಇನ್ನೊಂದಕ್ಕೇ ಹೋಗಬೇಕು. 103ನೇ ಟ್ರಾಲಿಬಸ್ ಹತ್ತಿ ಡೊಬ್ರಿನ್ಯಾದ ಕೊನೆಯ ಸ್ಟಾಪಿನಲ್ಲಿ ಇಳಿದು ಸ್ವಲ್ಪ ದೂರ ನಡೆದರೆ ಲುಕಾವಿತ್ಸಾ ನಿಲ್ದಾಣ ಸಿಗುತ್ತದೆ. ದಾರಿಯಲ್ಲಿ ಗೇಟಿಲ್ಲ, ತಪಾಸಣೆಯಿಲ್ಲ. ಆದರೆ ಬೋರ್ಡುಗಳ ಮೇಲೆ ಸಿರಿಲಿಕ್ ಲಿಪಿ ಕಾಣಿಸಿಕೊಳ್ಳುತ್ತದೆ, ಪೊಲೀಸರ ಸಮವಸ್ತ್ರ ಬದಲಾಗುತ್ತದೆ, ಕಂಬದ ಮೇಲಿನ ಬಾವುಟವೂ ಬದಲಾಗುತ್ತದೆ. 1992–95ರ ಯುದ್ಧ ನಿಂತಾಗ ಸೈನ್ಯಗಳು ಎಲ್ಲಿದ್ದವೋ ಹೆಚ್ಚುಕಡಿಮೆ ಅಲ್ಲೇ ಎಳೆದ ಗೆರೆ ಅದು. ಒಂದು ಬದಿಗೆ ಬೋಸ್ನಿಯಾಕ್ ಮುಸ್ಲಿಮರು ಮತ್ತು ಕ್ಯಾಥೊಲಿಕ್ ಕ್ರೊಯಾಟರು ಬಹುಸಂಖ್ಯಾತರಾಗಿರುವ ಫೆಡರೇಶನ್, ಇನ್ನೊಂದು ಬದಿಗೆ ಆರ್ಥೊಡಾಕ್ಸ್ ಕ್ರೈಸ್ತ ಸರ್ಬರ ರೆಪುಬ್ಲಿಕಾ ಸರ್ಪ್‌ಸ್ಕಾ. ಭೂಮಿಯಲ್ಲಿ 51ಕ್ಕೆ 49ರ ಪಾಲು. 1995ರ ನವೆಂಬರ್ 21ರಂದು ಅಮೆರಿಕದ ಡೇಟನ್‌ನಲ್ಲಿ ಕುದುರಿದ ಒಪ್ಪಂದಕ್ಕೆ ಡಿಸೆಂಬರ್ 14ರಂದು ಪ್ಯಾರಿಸ್‌ನಲ್ಲಿ ಸಹಿ ಬಿತ್ತು. ಅದರ ನಾಲ್ಕನೆಯ ಅನುಬಂಧವೇ ಇಂದಿಗೂ ಈ ದೇಶದ ಸಂವಿಧಾನ.

ಬೋಸ್ನಿಯಾ ಪ್ರವಾಸದಲ್ಲಿ ಹಳೆಯ ಗುಂಡಿನ ಗುರುತುಗಳನ್ನು ಎಲ್ಲರೂ ನೋಡುತ್ತಾರೆ, ಫೋಟೊ ತೆಗೆಯುತ್ತಾರೆ. ನೋಡಲೇಬೇಕಾದದ್ದು ಅದಲ್ಲ, ಆ ಅನುಬಂಧ. ಅದು ಕೊಲೆಗಳನ್ನು ನಿಲ್ಲಿಸಿತು. ಸುಮಾರು ಒಂದು ಲಕ್ಷ ಜನ ಸತ್ತು, ಇಪ್ಪತ್ತು ಲಕ್ಷಕ್ಕೂ ಹೆಚ್ಚು ಜನ ಮನೆಮಠ ಬಿಟ್ಟ ಮೇಲೆ ಅದು ಸಣ್ಣ ಸಾಧನೆಯೇನಲ್ಲ. ಆದರೆ ಯಾರು ಯಾವ ಪಂಗಡ ಎನ್ನುವ ಪ್ರಶ್ನೆಯನ್ನು ಯುದ್ಧಭೂಮಿಯಿಂದ ಎತ್ತಿ ತಂದು ಸರ್ಕಾರದ ಪ್ರತಿಯೊಂದು ಕುರ್ಚಿಗೂ ಕಟ್ಟಿಬಿಟ್ಟಿತು. ಅದರ ಫಲ ಊರೂರಿನಲ್ಲಿ ಕಣ್ಣಿಗೆ ಬೀಳುತ್ತದೆ.

ಮೊದಲು ಹೊರಡುವ ತಯಾರಿ. ಭಾರತದ ಪಾಸ್‌ಪೋರ್ಟ್ ಇದ್ದವರಿಗೆ ವೀಸಾ ಬೇಕು. ಚಾಲ್ತಿಯಲ್ಲಿರುವ ಬಹುಪ್ರವೇಶದ ಶೆಂಗನ್ ಅಥವಾ ಅಮೆರಿಕದ ವೀಸಾ ಇದ್ದರೆ ಅಲ್ಪಾವಧಿಯ ಭೇಟಿಗೆ ವಿನಾಯಿತಿ ಇದೆ. ನಿಯಮ ಬದಲಾಗುವುದುಂಟು, ಟಿಕೆಟ್ ಮಾಡುವ ಮುನ್ನ ಅಲ್ಲಿನ ವಿದೇಶಾಂಗ ಸಚಿವಾಲಯದ ಮಾಹಿತಿ ನೋಡಿಕೊಳ್ಳಿ. ನಾಣ್ಯ ಕನ್ವರ್ಟಿಬಲ್ ಮಾರ್ಕ್. ಒಂದು ಯೂರೊಗೆ 1.95583 ಮಾರ್ಕ್ ಎಂದು ಕಟ್ಟಿಹಾಕಿದ ದರ. 10ರಿಂದ 100ರವರೆಗಿನ ನೋಟುಗಳಿಗೆ ಎರಡು ಸರಣಿ: ಫೆಡರೇಶನ್‌ನ ನೋಟಿನ ಮೇಲೆ ಒಬ್ಬ ಲೇಖಕ, ಸರ್ಪ್‌ಸ್ಕಾದ ನೋಟಿನ ಮೇಲೆ ಇನ್ನೊಬ್ಬ. ಎರಡೂ ದೇಶದ ಎಲ್ಲ ಕಡೆ ಚಲಾವಣೆಯಲ್ಲಿವೆ. ಸಣ್ಣ ಊರಿಗೆ ಹೋಗುವಾಗ ನಗದು ಇರಲಿ. ಮೊಬೈಲ್ ಕಂಪನಿಗಳು ಮೂರು, ಪ್ರತಿಯೊಂದರ ಬೇರು ಒಂದೊಂದು ಪಂಗಡದ ಪ್ರದೇಶದಲ್ಲಿ. ಸಿಮ್ ಕೊಳ್ಳುವಾಗ ನೀವು ಹೆಚ್ಚು ದಿನ ಇರುವ ಜಾಗ ಹೇಳಿ ಕೇಳಿ. ಸಸ್ಯಾಹಾರಿಗಳು ಒಂದು ನೆನಪಿಡಿ: ಇಲ್ಲಿ ಬುರೆಕ್ ಎಂದರೆ ಮಾಂಸದ್ದೇ. ಗಿಣ್ಣು ತುಂಬಿದ್ದು ಸಿರ್ನಿತ್ಸಾ, ಸೊಪ್ಪಿನದು ಜೆಲ್ಯಾನಿತ್ಸಾ, ಆಲೂಗೆಡ್ಡೆಯದು ಕ್ರೊಂಪಿರುಶಾ.

ಗುಡ್ಡ ಹತ್ತುವ ಆಸೆಯಿದ್ದರೆ ಗುರುತು ಮಾಡಿದ ಕಾಲುದಾರಿ ಬಿಟ್ಟು ಒಂದು ಹೆಜ್ಜೆಯೂ ಆಚೆ ಇಡಬಾರದು. ನೆಲಬಾಂಬುಗಳನ್ನು ತೆಗೆಯುವ ಕೆಲಸ ಇನ್ನೂ ಮುಗಿದಿಲ್ಲ. ಕೆಂಪು ಹಲಗೆಯ ಮೇಲೆ ತಲೆಬುರುಡೆಯ ಚಿತ್ರವಿದ್ದರೆ ಅದರ ಹಿಂದಿನ ನೆಲ ನಿಷಿದ್ಧ. ಹಲಗೆ ಇಲ್ಲವೆಂದ ಮಾತ್ರಕ್ಕೆ ನೆಲ ಸುರಕ್ಷಿತ ಎಂದೂ ಅಲ್ಲ, ಏಕೆಂದರೆ ಪ್ರವಾಹ, ಭೂಕುಸಿತಗಳು ಬಾಂಬನ್ನೂ ಹಲಗೆಯನ್ನೂ ಜಾಗ ಬದಲಿಸಿಬಿಡುತ್ತವೆ. 2014ರ ಮೇ ತಿಂಗಳ ನೆರೆಯಲ್ಲಿ ಹಾಗೇ ಆಯಿತು. ಪಾಳುಮನೆಯೊಳಗೆ ಫೋಟೊಗೆಂದು ಹೋಗುವುದೂ ಬೇಡ.

ಸರಾಯೆವೊದ ಬಾಶ್‌ಚಾರ್ಶಿಯಾದಿಂದ ನಡಿಗೆ ಶುರು ಮಾಡಿದರೆ ಹತ್ತು ಹದಿನೈದು ನಿಮಿಷದ ಅಂತರದಲ್ಲಿ 1530ರ ದಶಕದ ಗಾಜಿ ಹುಸ್ರೆವ್ ಬೇಗ್ ಮಸೀದಿ, ಹಳೆಯ ಆರ್ಥೊಡಾಕ್ಸ್ ಚರ್ಚ್, ಯಹೂದಿಗಳ ಹಳೆಯ ಸಿನಗಾಗ್, 1889ರ ಕ್ಯಾಥೆಡ್ರಲ್ ಎಲ್ಲ ಸಿಗುತ್ತವೆ. 1992ರ ಏಪ್ರಿಲ್‌ನಿಂದ 1996ರ ಫೆಬ್ರುವರಿ 29ರವರೆಗೆ, 1,425 ದಿನ, ಬೋಸ್ನಿಯಾದ ಸರ್ಬ್ ಸೈನ್ಯ ನಗರಕ್ಕೆ ಮುತ್ತಿಗೆ ಹಾಕಿತ್ತು; ಸುತ್ತಲಿನ ಬೆಟ್ಟಗಳಿಂದ ಈ ನೆರೆಹೊರೆಯ ಮೇಲೆ ಶೆಲ್ ಬಿದ್ದವು. ಮಾರ್ಕಲೆ ಮಾರುಕಟ್ಟೆಯಲ್ಲಿ ಈಗಲೂ ಹಣ್ಣು ತರಕಾರಿ ಮಾರುತ್ತಾರೆ. ಹಿಂಬದಿಯ ಗೋಡೆಯ ಮೇಲೆ 1994ರ ಫೆಬ್ರುವರಿ 5ರಂದು ಒಂದೇ ಶೆಲ್‌ಗೆ ಸತ್ತ 68 ಜನರ ಹೆಸರುಗಳಿವೆ. ಪಾದಚಾರಿ ಮಾರ್ಗದಲ್ಲಿ ಅಲ್ಲಲ್ಲಿ ಕೆಂಪು ರಾಳ ತುಂಬಿದ ಕುಳಿಗಳು ಸಿಗುತ್ತವೆ: ನಡುವೆ ಒಂದು ಗುಂಡಿ, ಸುತ್ತ ಒಂದೇ ಬದಿಗೆ ಹೆಚ್ಚು ಚದುರಿದ ಗೀರುಗಳು. ಶೆಲ್ ನೆಲಕ್ಕೆ ಓರೆಯಾಗಿ ಬೀಳುವುದರಿಂದ ಚೂರುಗಳು ಚಿಮ್ಮುವ ಆಕಾರ ಅದು, ಅದನ್ನು ಅಳೆದೇ ತಜ್ಞರು ಶೆಲ್ ಬಂದ ದಿಕ್ಕನ್ನು ಲೆಕ್ಕ ಹಾಕುತ್ತಾರೆ. ಇವುಗಳಿಗೆ ಸರಾಯೆವೊ ಗುಲಾಬಿ ಎನ್ನುತ್ತಾರೆ. ರಸ್ತೆಗೆ ಹೊಸ ಡಾಂಬರು ಹಾಕಿದಾಗಲೆಲ್ಲ ಕೆಲವು ಕಳೆದುಹೋಗಿವೆ, ಉಳಿದವಕ್ಕೆ ಆಗಾಗ ಬಣ್ಣ ತುಂಬುತ್ತಾರೆ.

ಸುರಂಗದ ಮ್ಯೂಸಿಯಂಗೆ 3ನೇ ಟ್ರಾಮ್ ಹಿಡಿದು ಕೊನೆಯ ಸ್ಟಾಪ್ ಇಲಿಜಾದಲ್ಲಿ ಇಳಿದು, ಅಲ್ಲಿಂದ ಟ್ಯಾಕ್ಸಿ ಮಾಡಬೇಕು. ಮುತ್ತಿಗೆಯ ಕಾಲದಲ್ಲಿ ವಿಮಾನ ನಿಲ್ದಾಣ ವಿಶ್ವಸಂಸ್ಥೆಯ ಕೈಯಲ್ಲಿತ್ತು. ರಾತ್ರಿ ರನ್‌ವೇ ದಾಟಿ ಓಡುವವರನ್ನು ಅವರೇ ಹಿಡಿದು ವಾಪಸು ಕಳಿಸುತ್ತಿದ್ದರು, ಗುಂಡಿಗೆ ಸಿಕ್ಕವರೂ ಬಹಳ. ಹಾಗಾಗಿ 1993ರಲ್ಲಿ ರನ್‌ವೇಯ ಅಡಿಯಲ್ಲೇ ಡೊಬ್ರಿನ್ಯಾದಿಂದ ಬುತ್ಮಿರ್‌ಗೆ ಸುಮಾರು 800 ಮೀಟರ್ ಉದ್ದದ ಸುರಂಗ ಕೊರೆದರು. ಅಗಲ ಒಂದು ಮೀಟರ್, ಎತ್ತರ ಸುಮಾರು 1.6 ಮೀಟರ್; ಎದುರಿನಿಂದ ಜನ ಬಂದರೆ ದಾರಿ ಬಿಡಲು ಜಾಗವಿಲ್ಲದ ಕಾರಣ ಗುಂಪು ಗುಂಪಾಗಿ ಒಮ್ಮೆ ಈಚೆಯಿಂದ, ಒಮ್ಮೆ ಆಚೆಯಿಂದ ಬಿಡುತ್ತಿದ್ದರು. ನೀರು ಒಸರುತ್ತಲೇ ಇತ್ತು, ಅದೇ ಸುರಂಗದಲ್ಲಿ ವಿದ್ಯುತ್ ಕೇಬಲ್ಲೂ ಎಣ್ಣೆಯ ಪೈಪೂ ಹೋಗುತ್ತಿದ್ದವು. ಈಗ ಒಳಗೆ ನಡೆಯಲು ಬಿಡುವುದು ಚಿಕ್ಕ ತುಂಡಿನಲ್ಲಿ ಮಾತ್ರ. ಬೆನ್ನು ಬಗ್ಗಿಸಿ ನಡೆದಾಗ ಅಷ್ಟೇ ಸಾಕೆನಿಸುತ್ತದೆ.

ಒಂದು ಕರ್ನಾಟಕದ ಎಳೆಯೂ ಇಲ್ಲಿದೆ. 1992ರ ಮಾರ್ಚ್‌ನಲ್ಲಿ ಹಿಂದಿನ ಯುಗೊಸ್ಲಾವಿಯಾಕ್ಕೆ ಬಂದ ವಿಶ್ವಸಂಸ್ಥೆಯ ಪಡೆಯ ಮೊದಲ ದಂಡನಾಯಕ ಭಾರತದ ಲೆಫ್ಟಿನೆಂಟ್ ಜನರಲ್ ಸತೀಶ್ ನಂಬಿಯಾರ್. ಬೆಳಗಾವಿಯಲ್ಲಿ ಕೇಂದ್ರವಿರುವ ಮರಾಠಾ ಲೈಟ್ ಇನ್‌ಫೆಂಟ್ರಿಯವರು. ಪಡೆಯನ್ನು ಕಳಿಸಿದ್ದು ಕ್ರೊಯೇಷಿಯಾದ ಕದನವಿರಾಮ ಕಾಯಲು. ಸರಾಯೆವೊ ಶಾಂತವಾಗಿದೆ ಎಂದು ಮುಖ್ಯ ಕಚೇರಿಯನ್ನು ಅಲ್ಲಿಟ್ಟಿದ್ದರು. ಕೆಲವೇ ವಾರಗಳಲ್ಲಿ ಯುದ್ಧ ಅದೇ ಕಚೇರಿಯ ಬಾಗಿಲಿಗೆ ಬಂತು.

ಡೇಟನ್ ಏನು ಮಾಡಿತು ಎಂದು ತಿಳಿಯಬೇಕಾದರೆ ನಗರದ ರಾಷ್ಟ್ರೀಯ ಮ್ಯೂಸಿಯಂಗೆ ಅರ್ಧ ದಿನ ಕೊಡಿ. ಮಧ್ಯಯುಗದ ಯಹೂದಿ ಹಸ್ತಪ್ರತಿ ಸರಾಯೆವೊ ಹಗ್ಗಾದಾ ಇರುವುದು ಇಲ್ಲೇ. ಯುದ್ಧದಲ್ಲಿ ಕಟ್ಟಡಕ್ಕೆ ಶೆಲ್ ಬಿತ್ತು, ಸಂಗ್ರಹ ಉಳಿಯಿತು. ಬಾಗಿಲು ಮುಚ್ಚಿದ್ದು ಶಾಂತಿಕಾಲದಲ್ಲಿ: 2012ರ ಅಕ್ಟೋಬರ್‌ನಲ್ಲಿ ಬಾಗಿಲಿಗೆ ಹಲಗೆ ಹೊಡೆದರು. ಕಾರಣ ಸರಳ. ಸಂವಿಧಾನದಲ್ಲಿ ಕೇಂದ್ರಕ್ಕೆಂದು ಬರೆದ ಅಧಿಕಾರಗಳ ಪಟ್ಟಿ ಬಹಳ ಚಿಕ್ಕದು, ಸಂಸ್ಕೃತಿ ಅದರಲ್ಲಿಲ್ಲ. ಇಡೀ ದೇಶದ ಮ್ಯೂಸಿಯಂ ಅಂದರೆ ಇಡೀ ದೇಶವಿದೆ ಎಂದು ಒಪ್ಪಿದಂತಾಗುತ್ತದೆ. ಅದಕ್ಕೆ ಸರ್ಪ್‌ಸ್ಕಾದ ನಾಯಕರು ತಯಾರಿರಲಿಲ್ಲ. ಸಿಬ್ಬಂದಿ ತಿಂಗಳುಗಟ್ಟಲೆ ಸಂಬಳವಿಲ್ಲದೆ ಸಂಗ್ರಹವನ್ನು ಕಾಯ್ದರು. ಮತ್ತೆ ತೆರೆದದ್ದು 2015ರ ಸೆಪ್ಟೆಂಬರ್‌ನಲ್ಲಿ. ಶೆಲ್ಲಿಗೂ ಮುಚ್ಚಿಹೋಗದ ಸಂಸ್ಥೆಯನ್ನು ಬಜೆಟ್ ಮುಚ್ಚಿಸಿತಲ್ಲ, ಇದಕ್ಕಿಂತ ದೊಡ್ಡ ದೂರು ಆ ಸಂವಿಧಾನದ ಮೇಲೆ ಬೇಕಿಲ್ಲ.

ಹತ್ತಿರದಲ್ಲೇ ಇರುವ ಸಂಸತ್ತಿನಲ್ಲಿ ಕೆಲಸ ಹೇಗೆ ನಿಲ್ಲುತ್ತದೆ ಎಂಬ ಲೆಕ್ಕವನ್ನೂ ನೋಡಿ. ಕೆಳಮನೆಯಲ್ಲಿ 42 ಸ್ಥಾನ: 28 ಫೆಡರೇಶನ್‌ಗೆ, 14 ಸರ್ಪ್‌ಸ್ಕಾಗೆ. ಒಂದು ಕಡೆಯ ಮೂರನೇ ಎರಡು ಭಾಗ ವಿರೋಧಿಸಿದರೆ ಮಸೂದೆ ಬಿತ್ತು, ಅಂದರೆ ಸರ್ಪ್‌ಸ್ಕಾದ 10 ಜನ ಸಾಕು. ಮೇಲ್ಮನೆಯಲ್ಲಿ ಮೂರು ಪಂಗಡಕ್ಕೆ ತಲಾ 5ರಂತೆ 15 ಜನ. ಕೋರಂಗೆ 9 ಜನ ಬೇಕು, ಅದರಲ್ಲಿ ಪ್ರತಿ ಪಂಗಡದ ಕನಿಷ್ಠ 3. ಒಂದು ಪಂಗಡದ ಮೂವರು ಮನೆಯಲ್ಲೇ ಕೂತರೆ ಸಭೆ ನಡೆಯುವುದೇ ಇಲ್ಲ. ಅಧ್ಯಕ್ಷಗಿರಿಯಲ್ಲಿ ಮೂವರು, ಎಂಟೆಂಟು ತಿಂಗಳಿಗೆ ಸರದಿ ಬದಲು. ಬೋಸ್ನಿಯಾಕ್ ಮತ್ತು ಕ್ರೊಯಾಟ್ ಸದಸ್ಯರು ಫೆಡರೇಶನ್‌ನಿಂದಲೇ, ಸರ್ಬ್ ಸದಸ್ಯ ಸರ್ಪ್‌ಸ್ಕಾದಿಂದಲೇ ಆಯ್ಕೆಯಾಗಬೇಕು. ಸರಾಯೆವೊ ನಗರದ ಸರ್ಬನಿಗೂ ಸ್ರೆಬ್ರೆನಿತ್ಸಾದ ಬೋಸ್ನಿಯಾಕನಿಗೂ ಸ್ಪರ್ಧಿಸುವ ಹಕ್ಕಿಲ್ಲ. ಯಹೂದಿಗೆ, ರೋಮಾ ಜನರಿಗೆ, ‘ನಾನು ಬರೀ ಬೋಸ್ನಿಯಾದ ಪ್ರಜೆ’ ಎನ್ನುವವರಿಗಂತೂ ಎಲ್ಲಿಯೂ ಇಲ್ಲ. ರೋಮಾ ಸಮುದಾಯದ ಸೆಯ್ದಿಚ್ ಮತ್ತು ಯಹೂದಿ ಸಮುದಾಯದ ಫಿಂಚಿ ಹೂಡಿದ ದಾವೆಯಲ್ಲಿ ಇದು ತಾರತಮ್ಯ ಎಂದು ಯುರೋಪಿನ ಮಾನವ ಹಕ್ಕುಗಳ ನ್ಯಾಯಾಲಯ 2009ರ ಡಿಸೆಂಬರ್ 22ರಂದು ತೀರ್ಪು ಕೊಟ್ಟಿತು. ತಿದ್ದುಪಡಿಗೆ ಮೂರೂ ಕಡೆಯವರು ಒಪ್ಪಬೇಕು. ಉಳಿದವರನ್ನು ಹೊರಗಿಟ್ಟರೆ ಯಾರಿಗೆ ಲಾಭವೋ ಅವರೇ ಬಾಗಿಲು ತೆರೆಯಬೇಕು. ಆದ್ದರಿಂದ ಆ ನಿಯಮ ಜಗ್ಗಿಲ್ಲ.

ಮೊಸ್ತಾರ್‌ಗೆ ರೈಲೇ ಒಳ್ಳೆಯದು. ಸುಮಾರು ಎರಡು ಗಂಟೆ. ಕೊನಿತ್ಸ್ ನಂತರ ನೆರೆಟ್ವಾ ನದಿಯ ಕಣಿವೆ. ದಿನಕ್ಕೆ ಬೆರಳೆಣಿಕೆಯ ರೈಲುಗಳು, ಹಿಂದಿನ ದಿನವೇ ವೇಳೆ ನೋಡಿಕೊಳ್ಳಿ. 1566ರ ಹಳೆಯ ಸೇತುವೆಯನ್ನು 1993ರ ನವೆಂಬರ್ 9ರಂದು ಕ್ರೊಯಾಟ್ ಸೈನ್ಯ ಶೆಲ್ ಹೊಡೆದು ಬೀಳಿಸಿತು, 2004ರ ಜುಲೈ 23ರಂದು ಮತ್ತೆ ಕಟ್ಟಿ ತೆರೆದರು. ಪ್ರವಾಸಿಗರೆಲ್ಲ ಸೇತುವೆ ನೋಡಿ ಹೊರಟುಬಿಡುತ್ತಾರೆ. ಬೋಸ್ನಿಯಾಕರ ಊರನ್ನೂ ಕ್ರೊಯಾಟರ ಊರನ್ನೂ ಬೇರ್ಪಡಿಸಿದ್ದು ನದಿಯಲ್ಲ, ಅದರ ಪಶ್ಚಿಮಕ್ಕಿರುವ ಬುಲೆವಾರ್ ರಸ್ತೆ. ಯುದ್ಧದ ಮುಂಚೂಣಿ ಅದೇ ಆಗಿತ್ತು. ಅದರ ತುದಿಯಲ್ಲಿ ಸ್ಪ್ಯಾನಿಷ್ ಚೌಕ, ಅಲ್ಲಿ ಹಳದಿ ಬಣ್ಣದ ಮೂರಿಶ್ ಶೈಲಿಯ ಜಿಮ್ನಾಸಿಯಂ ಎಂಬ ಪ್ರೌಢಶಾಲೆ. 2004ರಿಂದ ಆಡಳಿತ ಒಂದೇ, ಪಠ್ಯಕ್ರಮ ಎರಡು: ಬೋಸ್ನಿಯಾಕ್ ಮಕ್ಕಳಿಗೆ ಒಂದು, ಕ್ರೊಯಾಟ್ ಮಕ್ಕಳಿಗೆ ಇನ್ನೊಂದು. ದಕ್ಷಿಣದ ಸ್ತೊಲಾತ್ಸ್‌ನಂಥ ಊರುಗಳಲ್ಲಿ ಒಂದೇ ಸೂರಿನಡಿ ಎರಡು ಶಾಲೆಗಳೇ ನಡೆಯುತ್ತವೆ. ಮೊಸ್ತಾರ್‌ನಲ್ಲಿ ನಗರಸಭೆಯ ಸೀಟು ಹಂಚುವ ಸೂತ್ರಕ್ಕೆ ಒಪ್ಪಿಗೆಯಾಗದೆ 2008ರ ನಂತರ 2020ರ ಡಿಸೆಂಬರ್ 20ರವರೆಗೆ ಸ್ಥಳೀಯ ಚುನಾವಣೆಯೇ ಆಗಲಿಲ್ಲ. ಕಾಲ್ಚೆಂಡು ಕ್ಲಬ್ಬುಗಳೂ ಎರಡು: ವೆಲೆಜ್ ಯುದ್ಧಕ್ಕೆ ಮುಂಚೆ ಆಡುತ್ತಿದ್ದ ಮೈದಾನ ಈಗ ಕ್ರೊಯಾಟರ ಕ್ಲಬ್ ಜ್ರಿನ್ಸ್ಕಿಯದು.

ಕಾರು ಬಾಡಿಗೆಗೆ ತೆಗೆದುಕೊಂಡವರು ನಂಬರ್ ಪ್ಲೇಟನ್ನು ಹತ್ತಿರದಿಂದ ನೋಡಬೇಕು. ಅದರ ಮೇಲೆ ಊರಿನ ಗುರುತಿಲ್ಲ. ಅಕ್ಷರಗಳೂ ಲ್ಯಾಟಿನ್ ಮತ್ತು ಸಿರಿಲಿಕ್ ಎರಡರಲ್ಲೂ ಒಂದೇ ರೀತಿ ಇರುವ ಏಳು ಮಾತ್ರ. ಯುದ್ಧದ ನಂತರ ಪ್ಲೇಟ್ ನೋಡಿದರೆ ಬಂದವರು ಯಾವ ಕಡೆಯವರೆಂದು ಗೊತ್ತಾಗುತ್ತಿತ್ತು, ಗೆರೆ ದಾಟಲು ಜನ ಹೆದರುತ್ತಿದ್ದರು. 1998ರಲ್ಲಿ, ಡೇಟನ್ ಒಪ್ಪಂದದ ಜಾರಿ ನೋಡಿಕೊಳ್ಳುವ ಅಂತರರಾಷ್ಟ್ರೀಯ ಉನ್ನತ ಪ್ರತಿನಿಧಿ ಈ ಪ್ಲೇಟನ್ನು ಹೇರಿದ ಮೇಲೆ ಓಡಾಟ ಸಲೀಸಾಯಿತು. ಡೇಟನ್ ನಂತರದ ನಿರ್ಧಾರಗಳಲ್ಲಿ ಇದರಷ್ಟು ಕೆಲಸಕ್ಕೆ ಬಂದದ್ದು ಕಡಿಮೆ.

ಸ್ರೆಬ್ರೆನಿತ್ಸಾಗೆ ಸರಾಯೆವೊದಿಂದ ರಸ್ತೆಯಲ್ಲಿ ಸುಮಾರು ಮೂರು ಗಂಟೆ. ಊರಿಗೆ ಮುಂಚೆ ಪೊತೊಚಾರಿಯಲ್ಲಿ ಸ್ಮಾರಕ, ಎದುರಿಗೆ ವಿಶ್ವಸಂಸ್ಥೆಯ ಡಚ್ ಪಡೆ ನೆಲೆಸಿದ್ದ ಹಳೆಯ ಬ್ಯಾಟರಿ ಕಾರ್ಖಾನೆ. 1995ರ ಜುಲೈನಲ್ಲಿ ಬೋಸ್ನಿಯಾದ ಸರ್ಬ್ ಸೈನ್ಯದವರು ಎಂಟು ಸಾವಿರಕ್ಕೂ ಹೆಚ್ಚು ಬೋಸ್ನಿಯಾಕ್ ಗಂಡಸರನ್ನೂ ಹುಡುಗರನ್ನೂ ಕೊಂದರು. ಅಂತರರಾಷ್ಟ್ರೀಯ ನ್ಯಾಯಾಲಯಗಳು ಇದನ್ನು ನರಮೇಧ ಎಂದು ತೀರ್ಮಾನಿಸಿವೆ. ಕೊಂದವರು ಸಾಕ್ಷ್ಯ ಮುಚ್ಚಲು ಕೆಲವೇ ತಿಂಗಳಲ್ಲಿ ಗುಂಡಿಗಳನ್ನು ಯಂತ್ರದಿಂದ ಅಗೆದು ಬೇರೆಡೆ ಸಾಗಿಸಿದ್ದರಿಂದ ಒಬ್ಬನ ಮೂಳೆಗಳು ಹಲವು ಗುಂಡಿಗಳಲ್ಲಿ ಸಿಕ್ಕಿವೆ. ಡಿಎನ್‌ಎ ಹೊಂದಿಸಿ ಗುರುತು ಹಿಡಿದವರನ್ನು ಪ್ರತಿ ಜುಲೈ 11ರಂದು ಮಣ್ಣು ಮಾಡುತ್ತಾರೆ. ಎಷ್ಟು ಮೂಳೆ ಸಿಕ್ಕಮೇಲೆ ಹೂಳಬೇಕು ಎಂಬುದನ್ನು ತೀರ್ಮಾನಿಸುವುದು ಮನೆಯವರು. ಮತ್ತೆ ಮೂಳೆ ಸಿಕ್ಕರೆ ಗೋರಿಯನ್ನು ಮತ್ತೆ ತೆರೆಯಬೇಕಾಗುತ್ತದೆ. ಆ ದಿನ ಬಹಳ ಜನ ಸೇರುತ್ತಾರೆ, ಕುತೂಹಲಕ್ಕೆ ಹೋಗುವವರು ಬೇರೆ ದಿನ ಹೋಗುವುದು ಮರ್ಯಾದೆ. ಇಲ್ಲಿ ಎಚ್ಚರ ಬೇಕಾದ ಇನ್ನೊಂದು ಮಾತು: 1992–95ರ ಯುದ್ಧವನ್ನು ಅಂತರ್ಯುದ್ಧ ಎನ್ನುವುದು ಸರ್ಬರ ಕಡೆಯ ರೂಢಿ, ಬೋಸ್ನಿಯಾಕರು ಆಕ್ರಮಣ ಎನ್ನುತ್ತಾರೆ. ಮಾತಿಗೆ ಕೂತಾಗ ‘ಯುದ್ಧ’ ಎಂದರೆ ಸಾಕು.

ಸರ್ಪ್‌ಸ್ಕಾದ ಆಡಳಿತ ಕೇಂದ್ರ ಬಾನ್ಯಾ ಲುಕಾ ದಾರಿಯಲ್ಲಿ ಯಾಯ್ತ್ಸೆಯಲ್ಲಿ ಇಳಿಯುವವರು ಜಲಪಾತಕ್ಕೆಂದು ಇಳಿಯುತ್ತಾರೆ. 2016–17ರಲ್ಲಿ ಅಲ್ಲಿನ ಪ್ರೌಢಶಾಲೆಯ ಮಕ್ಕಳನ್ನು ಪಂಗಡದಂತೆ ಬೇರೆ ಶಾಲೆಗೆ ಕಳಿಸಲು ಹೊರಟಾಗ ಬೋಸ್ನಿಯಾಕ್, ಕ್ರೊಯಾಟ್ ಮಕ್ಕಳು ಒಟ್ಟಾಗಿ ಬೀದಿಗಿಳಿದರು, ಆಡಳಿತ ಹಿಂದೆ ಸರಿಯಿತು. ಬಾನ್ಯಾ ಲುಕಾದಲ್ಲಿ 1993ರ ಮೇ 7ರಂದು ಸ್ಫೋಟಿಸಿದ ಫೆರ್ಹಾದಿಯಾ ಮಸೀದಿಯನ್ನು, ಎಸೆದ ಕಲ್ಲುಗಳನ್ನು ಹುಡುಕಿ ತಂದು, 2016ರ ಅದೇ ದಿನ ಮತ್ತೆ ತೆರೆದರು. ಉನ್ನತ ಪ್ರತಿನಿಧಿಯ ಆದೇಶ ಧಿಕ್ಕರಿಸಿದ್ದಕ್ಕೆ ಸರ್ಪ್‌ಸ್ಕಾದ ಅಧ್ಯಕ್ಷ ಮಿಲೊರಾದ್ ದೊದಿಕ್‌ಗೆ 2025ರಲ್ಲಿ ಶಿಕ್ಷೆಯಾಗಿ ಹುದ್ದೆ ಹೋಯಿತು.

ಅಲ್ಲಿಂದ ಪೂರ್ವಕ್ಕೆ, ಸಾವಾ ನದಿಯ ದಡದ ಬ್ರಚ್ಕೊಗೆ ಪ್ರವಾಸಿ ಪುಸ್ತಕಗಳಲ್ಲಿ ಜಾಗ ಕಡಿಮೆ. ಹೋಗದೇ ಬರಬೇಡಿ. ಸರ್ಪ್‌ಸ್ಕಾದ ಎರಡು ಭಾಗಗಳನ್ನು ಜೋಡಿಸುವ ಕುತ್ತಿಗೆ ಇದು. ಯಾರಿಗೂ ಬಿಟ್ಟುಕೊಡಲಾಗದೆ ಡೇಟನ್ ಇದನ್ನು ಮಧ್ಯಸ್ಥಿಕೆಗೆ ಬಿಟ್ಟಿತು. 1999ರ ತೀರ್ಪು ಇದನ್ನು ಯಾವ ಕಡೆಗೂ ಕೊಡದೆ ಪ್ರತ್ಯೇಕ ಜಿಲ್ಲೆ ಮಾಡಿತು, 2000ದಲ್ಲಿ ಅದು ಜಾರಿಗೆ ಬಂತು. ಅಮೆರಿಕದ ಮೇಲ್ವಿಚಾರಕನ ಕೈಯಲ್ಲಿ ನಿಜವಾದ ಅಧಿಕಾರವಿತ್ತು. ಪೊಲೀಸ್ ಒಂದಾಯಿತು, ನ್ಯಾಯಾಲಯ ಒಂದಾಯಿತು, 2001ರಲ್ಲಿ ಶಾಲೆಗಳೂ. ಮೂರು ಪಂಗಡದ ಮಕ್ಕಳು ಒಂದೇ ತರಗತಿಯಲ್ಲಿ ಕೂರುತ್ತಾರೆ, ಎರಡೂ ಲಿಪಿ ಕಲಿಯುತ್ತಾರೆ, ತಮ್ಮ ತಮ್ಮ ನುಡಿಯಲ್ಲಿ ಉತ್ತರ ಬರೆಯುತ್ತಾರೆ. ಮೊಸ್ತಾರ್‌ನಲ್ಲಿ ಆಗದೆನ್ನುವುದು ಇಲ್ಲಿ ದಿನವೂ ಬೆಳಿಗ್ಗೆ ನಡೆಯುತ್ತಿದೆ. ಬಾನ್ಯಾ ಲುಕಾದಿಂದ ದೊಬೊಯ್ ಮೂಲಕ ಬಿಯೆಲ್ಯಿನಾಗೆ ಹೋಗುವ ಬಸ್ಸುಗಳು ಬ್ರಚ್ಕೊ ಹಾದು ಹೋಗುತ್ತವೆ. ಸೇತುವೆ ದಾಟಿದರೆ ಕ್ರೊಯೇಷಿಯಾ, ಶೆಂಗನ್ ವಲಯ. ಅದಕ್ಕೆ ಬೇಕಾದ ವೀಸಾದಲ್ಲಿ ಇನ್ನೊಂದು ಪ್ರವೇಶ ಉಳಿದಿದೆಯೇ ಎಂದು ಹೊರಡುವ ಮೊದಲೇ ನೋಡಿಕೊಳ್ಳಿ.