ಛತ್ರದಲ್ಲಿ ಹುಡುಕಿದ ಅಂಕಣ

ಕಳೆದ ಮೇ ತಿಂಗಳ ಒಂದು ಶನಿವಾರ, ಬೆಂಗಳೂರಿನಲ್ಲಿ ನಡೆದ 13 ವರ್ಷದೊಳಗಿನವರ ಬ್ಯಾಡ್ಮಿಂಟನ್ ಟೂರ್ನಿಯ ಮೊದಲ ಸುತ್ತಿನಲ್ಲೇ ನನ್ನ ಮಗಳು ಸೋತಳು. ಹಿಂದಿನ ರಾತ್ರಿ ಶಿವಮೊಗ್ಗದಲ್ಲಿ ಬಸ್ಸು ಹತ್ತಿ, ಬೆಳಗಿನ ಜಾವ ಮೆಜೆಸ್ಟಿಕ್‌ನಲ್ಲಿಳಿದು, ಲಾಡ್ಜಿನಲ್ಲಿ ಮುಖ ತೊಳೆದು, ಎರಡು ಇಡ್ಲಿ ಹಾಕಿಸಿಕೊಂಡು, ಒಂಬತ್ತು ಗಂಟೆಗೆ ಹಾಜರಿ ಕೊಟ್ಟು, ಹನ್ನೊಂದೂವರೆಯವರೆಗೆ ಸರದಿ ಕಾದು ಆಡಿದ ಆ ಪಂದ್ಯ 19 ನಿಮಿಷಗಳಲ್ಲಿ ಮುಗಿದುಹೋಯಿತು. ಅಂಕ 21–9, 21–12.

ಎದುರಾಳಿ ಹುಡುಗಿ ನನ್ನ ಮಗಳಿಗಿಂತ ಎತ್ತರವಿರಲಿಲ್ಲ, ತೋಳಿನ ಬಲವೂ ಹೆಚ್ಚೆನಿಸಲಿಲ್ಲ. ಆದರೆ ಶಟಲ್ ಎಲ್ಲಿ ಬೀಳಬೇಕೋ ಅಲ್ಲಿ ಅವಳು ಮೊದಲೇ ನಿಂತಿರುತ್ತಿದ್ದಳು. ನನ್ನ ಮಗಳು ಹೊಡೆಯಲು ರಾಕೆಟ್ ಎತ್ತಿದ ಕ್ಷಣಕ್ಕೆ ಸರಿಯಾಗಿ ಆ ಹುಡುಗಿ ಎರಡು ಕಾಲಿನಲ್ಲಿ ಒಂದು ಸಣ್ಣ ನೆಗೆತ ನೆಗೆದು, ಯಾವ ಕಡೆಗೆ ಬೇಕಾದರೂ ಹೊರಡಲು ಸಿದ್ಧಳಾಗಿಬಿಡುತ್ತಿದ್ದಳು. ನೋಡುವವರ ಕಣ್ಣಿಗೆ ಬೀಳದ ಆ ನೆಗೆತವನ್ನು ಸಾವಿರಾರು ಸಲ ಮಾಡಿದ ಕಾಲುಗಳಿಗೆ ಮಾತ್ರ ಅದು ತಾನಾಗಿ ಬರುತ್ತದೆ. ನನ್ನ ಮಗಳದ್ದು ಶಟಲ್ ನೋಡಿದ ಮೇಲೆ ಓಡುವ ಕಾಲು. ಎಡಮೂಲೆಯ ಹಿಂಬದಿಗೆ ಬಂದ ಪ್ರತಿಯೊಂದು ಹೊಡೆತಕ್ಕೂ ಅವಳು ಅರ್ಧ ಹೆಜ್ಜೆ ತಡವಾಗಿ ತಲುಪುತ್ತಿದ್ದಳು, ಅಲ್ಲಿಂದ ಅವಳು ಎತ್ತಿದ ಶಟಲ್ ಅಂಕಣದ ನಡುವಿನಲ್ಲೇ ಕೆಳಗಿಳಿದು ಎದುರಾಳಿಗೆ ಸ್ಮ್ಯಾಶ್ ಹೊಡೆಯಲು ಸುಲಭದ ತುತ್ತಾಗುತ್ತಿತ್ತು. ಎರಡನೆಯ ಗೇಮಿನಲ್ಲಿ ಅವಳು ಇದನ್ನು ಅರ್ಥ ಮಾಡಿಕೊಂಡು ನೆಟ್ ಹತ್ತಿರ ಆಟವನ್ನು ಎಳೆದುಕೊಳ್ಳಲು ನೋಡಿದಳು. ಅದರಿಂದ ಸಿಕ್ಕಿದ್ದು ಮೂರು ಅಂಕಗಳು.

ಪಂದ್ಯದ ನಂತರ ವಿಚಾರಿಸಿದಾಗ ಆ ಹುಡುಗಿ ಬೆಂಗಳೂರಿನ ಒಂದು ಅಕಾಡೆಮಿಯಲ್ಲಿ ಬೆಳಿಗ್ಗೆ ಎರಡು ಗಂಟೆ, ಸಂಜೆ ಮೂರು ಗಂಟೆ ತರಬೇತಿ ಪಡೆಯುತ್ತಾಳೆಂದು ಅವಳ ತಾಯಿ ಹೇಳಿದರು. ನಮ್ಮ ಬಡಾವಣೆಯ ಸಮುದಾಯ ಭವನದಲ್ಲಿ ಎರಡು ಅಂಕಣಗಳಿವೆ, ಸಂಜೆ ನಾಲ್ಕಕ್ಕೆ ಬಾಗಿಲು ತೆರೆಯುತ್ತದೆ, ಆರಕ್ಕೆ ದೊಡ್ಡವರು ಬರುತ್ತಾರೆ. ಹದಿನಾಲ್ಕು ಮಕ್ಕಳು ಆ ಎರಡು ಗಂಟೆಯನ್ನು ಹಂಚಿಕೊಳ್ಳಬೇಕು. ನಮ್ಮ ಕೋಚ್ ಮೂರು ತಿಂಗಳಿಂದ ಒಂದೇ ಮಾತು ಹೇಳುತ್ತಿದ್ದರು: “ಸರ್, ಹುಡುಗಿಗೆ ಕೈ ಇದೆ. ಆದ್ರೆ ಇಲ್ಲೇ ಇದ್ರೆ ಜಿಲ್ಲೆಗೆ ನಿಂತುಬಿಡ್ತಾಳೆ. ಬೆಂಗಳೂರಿಗೆ ಕಳಿಸೋದಾದ್ರೆ ಈ ವರ್ಷವೇ ಕಳಿಸಿ.” ಕಳಿಸುವುದೆಂದರೆ ನಮ್ಮಿಬ್ಬರಲ್ಲಿ ಒಬ್ಬರು ಕೆಲಸ ಬಿಟ್ಟು ಅವಳೊಂದಿಗೆ ಹೋಗಿ ಬಾಡಿಗೆ ಮನೆ ಹಿಡಿಯಬೇಕು. ನಾನು ಸಹಕಾರಿ ಬ್ಯಾಂಕಿನ ಗುಮಾಸ್ತ, ಹೆಂಡತಿ ಶಾಲಾ ಶಿಕ್ಷಕಿ. ಈ ಲೆಕ್ಕವನ್ನು ನಾವು ಎಷ್ಟೋ ರಾತ್ರಿ ಹಾಕಿದ್ದೆವು, ಒಮ್ಮೆಯೂ ಅದು ಕೂಡಿ ಬಂದಿರಲಿಲ್ಲ.

ಮಗಳು ಅಳಲಿಲ್ಲ. ಮೆಟ್ಟಿಲಿನ ಮೇಲೆ ಕುಳಿತು ರಾಕೆಟ್ಟಿನ ಹಿಡಿಕೆಗೆ ಸುತ್ತಿದ್ದ ಪಟ್ಟಿಯನ್ನು ನಿಧಾನವಾಗಿ ಬಿಚ್ಚುತ್ತಾ ಹೋದಳು. ಬೆವರಿಗೆ ನೆನೆದು ಕಪ್ಪಾದ ಆ ಪಟ್ಟಿಯನ್ನು ಉಂಗುರದಂತೆ ಸುತ್ತಿ ಚೀಲದ ಮೂಲೆಗೆ ಹಾಕಿದಳು. ಊರಿಗೆ ಮರಳುವ ತಾಳಗುಪ್ಪ ರೈಲು ಇದ್ದದ್ದು ರಾತ್ರಿಗೆ. ಇನ್ನೂ ಹನ್ನೊಂದು ತಾಸು ಆ ಕ್ರೀಡಾಂಗಣದಲ್ಲಿ ಬೇರೆ ಮಕ್ಕಳ ಗೆಲುವನ್ನು ನೋಡುತ್ತಾ ಕೂರಿಸುವುದು ನನ್ನಿಂದ ಸಾಧ್ಯವಿರಲಿಲ್ಲ. “ನಡಿ, ಮಲ್ಲೇಶ್ವರಕ್ಕೆ ಹೋಗೋಣ, ಒಂದು ಜಾಗ ತೋರಿಸ್ತೀನಿ” ಎಂದೆ.

ನಾನು ಶಾಲೆಯಲ್ಲಿ ಆಡಿದ್ದು ಬಾಲ್ ಬ್ಯಾಡ್ಮಿಂಟನ್. ಹಳದಿ ಉಣ್ಣೆಯ ಚೆಂಡು, ಒಂದೊಂದು ಕಡೆ ಐದೈದು ಜನ, ಸುಣ್ಣದ ಗೆರೆ ಎಳೆದ ಮಣ್ಣಿನ ಅಂಕಣ. ಶಟಲ್ ಬ್ಯಾಡ್ಮಿಂಟನ್ ನಮ್ಮೂರಿನಲ್ಲಿ ಆಗ ಅಧಿಕಾರಿಗಳ ಕ್ಲಬ್ಬಿನ ಆಟ. ಆದರೂ ಅಪ್ಪನ ಬೀರುವಿನ ಬಾಗಿಲ ಒಳಬದಿಯಲ್ಲಿ, ದೇವರ ಕ್ಯಾಲೆಂಡರಿನ ಪಕ್ಕ, ಪತ್ರಿಕೆಯಿಂದ ಕತ್ತರಿಸಿ ಅಂಟಿಸಿದ ಪ್ರಕಾಶ್ ಪಡುಕೋಣೆಯವರ ಚಿತ್ರವೊಂದಿತ್ತು. 1980ರ ಮಾರ್ಚಿನಲ್ಲಿ ಲಂಡನ್ನಿನ ವೆಂಬ್ಲಿಯಲ್ಲಿ ಅವರು ಆಲ್ ಇಂಗ್ಲೆಂಡ್ ಎಂಬ ದೊಡ್ಡ ಬ್ಯಾಡ್ಮಿಂಟನ್ ಟೂರ್ನಿ ಗೆದ್ದಾಗಿನದು. ನಾನಾಗ ಐದು ವರ್ಷದವನು. ಕುಂದಾಪುರದ ಹತ್ತಿರದ ಒಂದು ಊರಿನ ಹೆಸರನ್ನು ಇಂಗ್ಲೆಂಡಿನಲ್ಲಿ ಕೂಗಿ ಹೇಳಿದರು ಎಂದು ಅಪ್ಪ ಬಹಳ ವರ್ಷಗಳವರೆಗೆ ಮನೆಗೆ ಬಂದವರಿಗೆಲ್ಲ ಹೇಳುತ್ತಿದ್ದರು.

ಮೆಟ್ರೊದಲ್ಲಿ ಕುಳಿತು ಮಗಳಿಗೆ ಮೊದಲು ಹೇಳಿದ್ದು ಆ ಗೆಲುವನ್ನಲ್ಲ, 1962ನ್ನು. ಆ ವರ್ಷ ರಾಜ್ಯ ಜೂನಿಯರ್ ಪಂದ್ಯಾವಳಿಯಲ್ಲಿ ಏಳು ವರ್ಷದ ಪ್ರಕಾಶ್ ಆಡಿದರು, ಅದು ಅವರ ಮೊದಲ ಟೂರ್ನಿ, ಮತ್ತು ಮೊದಲ ಸುತ್ತಿನಲ್ಲೇ ಸೋತರು. ಮಗಳು ಕಿಟಕಿಯ ಕಡೆಯಿಂದ ಮುಖ ತಿರುಗಿಸಿದಳು. “ಮೊದಲನೇ ರೌಂಡಾ?” ಎಂದಳು. ಹೌದು ಎಂದೆ. “ಆಮೇಲೆ?” ಎರಡು ವರ್ಷ ಬಿಟ್ಟು ಅದೇ ಪ್ರಶಸ್ತಿ ಗೆದ್ದರು ಎಂದೆ.

ಸಂಪಿಗೆ ರಸ್ತೆ ನಿಲ್ದಾಣದಲ್ಲಿಳಿದು, ಹೂವಿನ ಅಂಗಡಿಗಳ ನಡುವೆ ನಡೆದು, ಕೇಳುತ್ತಾ ಕೇಳುತ್ತಾ ಕೆನರಾ ಯೂನಿಯನ್ ಬಾಗಿಲಿಗೆ ಬಂದಾಗ ಎರಡು ಗಂಟೆ ದಾಟಿತ್ತು. ಬಾಗಿಲಿಗೆ ಬಾಳೆಕಂಬ ಕಟ್ಟಿತ್ತು, ಮಾವಿನ ತೋರಣವಿತ್ತು. ಒಳಗೆ ಮದುವೆ. ನನಗೆ ಒಂದು ಗಳಿಗೆ ಪೆಚ್ಚೆನಿಸಿತು, ಮರುಗಳಿಗೆಯಲ್ಲೇ ಮೈ ಜುಮ್ಮೆಂದಿತು. ಏಕೆಂದರೆ ನಾನು ಮಗಳಿಗೆ ತೋರಿಸಬೇಕೆಂದಿದ್ದುದು ಇದನ್ನೇ. ತಾನು ಚಿಕ್ಕವನಾಗಿದ್ದಾಗ ನಗರದಲ್ಲಿ ಬ್ಯಾಡ್ಮಿಂಟನ್ ಅಂಕಣಗಳೆಂಬುವೇ ಇರಲಿಲ್ಲವೆಂದೂ, ಮನೆಯ ಹತ್ತಿರದ ಕೆನರಾ ಯೂನಿಯನ್ನಿನ ಮದುವೆ ಸಭಾಂಗಣವೇ ತಮ್ಮ ಅಂಕಣವಾಗಿತ್ತೆಂದೂ, ಅಲ್ಲಿ ಸಮಾರಂಭವಿದೆಯೇ ಎಂದು ದಿನವೂ ನೋಡಿಕೊಂಡು, ಇಲ್ಲದ ದಿನ ಶಾಲೆ ಬಿಟ್ಟೊಡನೆ ಓಡಿಹೋಗಿ ಆಡುತ್ತಿದ್ದೆವೆಂದೂ ಪ್ರಕಾಶ್ ತಮ್ಮ ಹೆಣ್ಣುಮಕ್ಕಳಿಗೆ ಬರೆದ ಪತ್ರದಲ್ಲಿ ಹೇಳಿಕೊಂಡಿದ್ದಾರೆ. ಆಟದ ಪಾಠವನ್ನೆಲ್ಲ ಕಲಿತದ್ದು ಅಲ್ಲೇ ಎಂದೂ ಅವರು ಹೇಳಿದ್ದಾರೆ. ನಾವು ಹೋದ ದಿನ ಸಮಾರಂಭವಿತ್ತು.

ಬಾಗಿಲಲ್ಲಿ ಪಂಚೆ ಉಟ್ಟು ನಿಂತಿದ್ದ ಹಿರಿಯರೊಬ್ಬರು, “ಹೆಣ್ಣಿನ ಕಡೆಯವರೋ, ಗಂಡಿನ ಕಡೆಯವರೋ?” ಎಂದು ಕೇಳಿದರು. ಎರಡೂ ಅಲ್ಲವೆಂದು ಹೇಳಿ, ಬಂದ ಕಾರಣವನ್ನು ತಿಳಿಸಿದೆ. ಅವರ ಕಣ್ಣು ಮಗಳ ಹೆಗಲ ಮೇಲಿದ್ದ ಉದ್ದನೆಯ ಚೀಲದ ಮೇಲೆ ನಿಂತಿತು. “ಮ್ಯಾಚ್ ಇತ್ತೇನಮ್ಮ?” ಎಂದರು. “ಸೋತೆ ಅಜ್ಜ” ಎಂದಳು ಅವಳು ನೇರವಾಗಿ. ಬೆಳಗಿನಿಂದ ಆ ಮಾತನ್ನು ಅವಳು ಬಾಯಿಬಿಟ್ಟು ಹೇಳಿದ್ದು ಅದೇ ಮೊದಲು. ಅವರು ಅವಳ ತಲೆಯ ಮೇಲೆ ಕೈಯಿಟ್ಟು, “ಒಳಗೆ ಬನ್ನಿ, ಕೊನೇ ಪಂಕ್ತಿ ಕೂತಿದೆ, ಮೊದಲು ಊಟ ಮಾಡಿ, ಆಮೇಲೆ ಜಾಗ ನೋಡಿ” ಎಂದರು. ಗುರುತಿಲ್ಲದವರ ಮದುವೆಯಲ್ಲಿ ಬಾಳೆಲೆಯ ಮುಂದೆ ಕುಳಿತು ನನ್ನ ಮಗಳು ಎರಡು ಸಲ ಅನ್ನ ಹಾಕಿಸಿಕೊಂಡಳು. ಪಂದ್ಯಕ್ಕೆ ಮೊದಲು ಹೆದರಿಕೆಯಿಂದ ಅವಳು ಆ ಎರಡನೆಯ ಇಡ್ಲಿಯನ್ನು ಪೂರ್ತಿ ತಿಂದಿರಲಿಲ್ಲ.

ಊಟವಾದ ಮೇಲೆ ಸಭಾಂಗಣ ಖಾಲಿಯಾಗುತ್ತಾ ಬಂದಿತ್ತು. ಹುಡುಗರು ಕುರ್ಚಿಗಳನ್ನು ಒಂದರ ಮೇಲೊಂದು ಪೇರಿಸುತ್ತಿದ್ದರು. ಮಗಳು ಚೀಲವನ್ನು ನನ್ನ ಕೈಗೆ ಕೊಟ್ಟು, ಗೋಡೆಯಿಂದ ಸ್ವಲ್ಪ ದೂರದಲ್ಲಿ ನಿಂತು, ಹೆಜ್ಜೆ ಎಣಿಸುತ್ತಾ ನಡೆದಳು. ಅಂಕಣದ ಉದ್ದ 13.40 ಮೀಟರ್, ಜೋಡಿ ಆಟಕ್ಕೆ ಅಗಲ 6.10 ಮೀಟರ್ ಎಂಬುದು ಅವಳಿಗೆ ಬಾಯಿಪಾಠ. ನಮ್ಮ ಹಿತ್ತಲಿನಲ್ಲಿ ಸುಣ್ಣದ ಗೆರೆ ಎಳೆದು ಕಾಲಿನ ಅಭ್ಯಾಸ ಮಾಡುವಾಗ ನಾವಿಬ್ಬರೂ ಟೇಪು ಹಿಡಿದು ಅಳೆದಿದ್ದೆವು. ಇಲ್ಲಿ ನೆಟ್, ಇಲ್ಲಿ ಹಿಂದಿನ ಗೆರೆ ಎಂದು ಗುರುತು ಮಾಡಿಕೊಂಡವಳು, ನಡುವೆ ನಿಂತು ಬೆಳಗಿನ ಆ ಎಡಮೂಲೆಗೆ ಒಮ್ಮೆ ಹೋಗಿ ಬಂದಳು. ಮತ್ತೊಮ್ಮೆ ಹೋದಳು. ಮೂರನೆಯ ಸಲ ಹೊರಡುವ ಮುನ್ನ ಎದುರಾಳಿ ಹುಡುಗಿ ನೆಗೆಯುತ್ತಿದ್ದ ಹಾಗೆಯೇ ಒಂದು ಸಣ್ಣ ನೆಗೆತ ನೆಗೆದಳು. ಆಮೇಲೆ ಬಗ್ಗಿ, ನೆಲದಲ್ಲಿ ಬಿದ್ದಿದ್ದ ಸೇವಂತಿಗೆಯ ಎಸಳುಗಳನ್ನು ಆರಿಸಿ ಅಂಗೈಯಲ್ಲಿ ಹಿಡಿದು, “ಅಪ್ಪ, ಮದುವೆ ಆದ ಮಾರನೇ ದಿನ ಆಡ್ಬೇಕಾದ್ರೆ ಇದನ್ನೆಲ್ಲ ಗುಡಿಸ್ಲೇಬೇಕು, ಕಾಲು ಇಟ್ರೆ ಜಾರುತ್ತೆ” ಎಂದಳು. ಪ್ರಕಾಶರ ಬಗ್ಗೆ ನಾನು ಓದಿದ ಯಾವ ಬರಹವೂ ಅವರ ಬಾಲ್ಯವನ್ನು ನನಗೆ ಅಷ್ಟು ಹತ್ತಿರ ತಂದಿರಲಿಲ್ಲ.

ರೈಲು ನಿಲ್ದಾಣದಲ್ಲಿ ಕಾಯುವಾಗ ಉಳಿದ ಕಥೆಯನ್ನು ಹೇಳಿದೆ. 1971ರಲ್ಲಿ, 16ರ ಹರೆಯದಲ್ಲಿ, ಅವರು ರಾಷ್ಟ್ರೀಯ ಜೂನಿಯರ್ ಮತ್ತು ಸೀನಿಯರ್ ಪ್ರಶಸ್ತಿಗಳೆರಡನ್ನೂ ಒಂದೇ ವರ್ಷ ಗೆದ್ದರು. ಅಲ್ಲಿಂದ 1979ರವರೆಗೆ ಸತತ ಒಂಬತ್ತು ಸಲ ಸೀನಿಯರ್ ಪ್ರಶಸ್ತಿ ಅವರದೇ. 1978ರಲ್ಲಿ ಎಡ್ಮಂಟನ್‌ನ ಕಾಮನ್‌ವೆಲ್ತ್ ಕ್ರೀಡಾಕೂಟದ ಚಿನ್ನ, 1980ರಲ್ಲಿ ಡೆನ್ಮಾರ್ಕ್ ಮತ್ತು ಸ್ವೀಡನ್ ಓಪನ್‌ಗಳು, ಅದರ ಬೆನ್ನಿಗೇ ಆಲ್ ಇಂಗ್ಲೆಂಡ್. ಅಂತಿಮ ಪಂದ್ಯದಲ್ಲಿ ಹಿಂದಿನ ಎರಡು ವರ್ಷ ಸತತವಾಗಿ ಗೆದ್ದಿದ್ದ ಇಂಡೊನೇಷ್ಯಾದ ಲೀಮ್ ಸ್ವೀ ಕಿಂಗ್ ಅವರನ್ನು 15–3, 15–10ರಿಂದ ಸೋಲಿಸಿದರು. ಆಗಿನ ನಿಯಮದಲ್ಲಿ ಸರ್ವ್ ಮಾಡಿದವನಿಗೆ ಮಾತ್ರ ಅಂಕ. ಸರ್ವ್ ಕೈಯಲ್ಲಿಲ್ಲದಾಗ ರ‍್ಯಾಲಿ ಗೆದ್ದರೆ ಸಿಗುತ್ತಿದ್ದುದು ಸರ್ವ್ ಅಷ್ಟೇ. ಕಿಂಗ್ ಅವರಂಥ ಸ್ಮ್ಯಾಶ್‌ಗಾರನನ್ನು ಮೂರು ಅಂಕಕ್ಕೆ ಕಟ್ಟಿಹಾಕುವುದೆಂದರೆ ಏನೆಂದು ಇಂದಿನ ಮಕ್ಕಳಿಗೆ ಬಿಡಿಸಿ ಹೇಳದಿದ್ದರೆ ತಿಳಿಯುವುದಿಲ್ಲ. ಮೊದಲ ಸುತ್ತಿನ ಆ ಸೋಲಿನಿಂದ ವೆಂಬ್ಲಿಯವರೆಗೆ 18 ವರ್ಷ. ಆ ಸಂಖ್ಯೆಯನ್ನು ಕೇಳಿ ಮಗಳು ಬೆರಳು ಮಡಿಸಿ ತನ್ನ ವಯಸ್ಸಿಗೆ ಕೂಡಿಸಿ ನೋಡಿದಳು.

ನಂತರ ಅವಳು ಕೇಳಿದ ಪ್ರಶ್ನೆಗೆ ನಾನು ಸಿದ್ಧನಿರಲಿಲ್ಲ. “ಹಾಗಾದ್ರೆ ಶಿವಮೊಗ್ಗದಲ್ಲೇ ಇದ್ರೂ ಆಗುತ್ತಾ ಅಪ್ಪ?”

ಆಗುತ್ತದೆ ಎಂದು ಹೇಳುವುದು ಸುಲಭವಿತ್ತು, ನಮ್ಮ ಮನೆಯ ಲೆಕ್ಕಕ್ಕೆ ಅನುಕೂಲವೂ ಆಗಿತ್ತು. ಆದರೆ ಆ ಕಥೆಯನ್ನು ಮುಂದಿಟ್ಟು ಮಗಳನ್ನು ಮರುಳು ಮಾಡುವ ಮನಸ್ಸು ನನಗಾಗಲಿಲ್ಲ. ಆಲ್ ಇಂಗ್ಲೆಂಡ್ ಗೆದ್ದ ಮೇಲೂ, ಒಳ್ಳೆಯ ಎದುರಾಳಿಗಳ ಜೊತೆ ದಿನವೂ ಆಡಬೇಕೆಂದು ಪ್ರಕಾಶ್ ಕೋಪನ್‌ಹೇಗನ್‌ಗೆ ಹೋಗಿ ನೆಲೆಸಿದರು. 1994ರಲ್ಲಿ ಆಟಗಾರ ವಿಮಲ್ ಕುಮಾರ್ ಅವರೊಂದಿಗೆ ಬೆಂಗಳೂರಿನಲ್ಲಿ ಅವರು ಅಕಾಡೆಮಿ ತೆರೆದದ್ದೂ, ತಾವು ಪಟ್ಟ ಪಾಡು ಮುಂದಿನವರಿಗೆ ಬೇಡವೆಂದೇ ಇರಬೇಕು ಎಂದು ನನ್ನ ನಂಬಿಕೆ. ಅಲ್ಲಿ ಪಳಗಿದ ಪುಲ್ಲೇಲ ಗೋಪಿಚಂದ್ 2001ರಲ್ಲಿ ಆಲ್ ಇಂಗ್ಲೆಂಡ್ ಗೆದ್ದ ಎರಡನೆಯ ಭಾರತೀಯರಾದರು. ಉತ್ತರಾಖಂಡದ ಅಲ್ಮೋರಾದಿಂದ ಬಾಲಕನಾಗಿ ಅಲ್ಲಿಗೆ ಬಂದ ಲಕ್ಷ್ಯ ಸೇನ್ 2022ರಲ್ಲಿ ಅದೇ ಟೂರ್ನಿಯ ಅಂತಿಮ ಪಂದ್ಯ ಆಡಿದರು, ಅದೇ ವರ್ಷ ಥಾಮಸ್ ಕಪ್ ಎಂಬ ಪುರುಷರ ತಂಡಗಳ ವಿಶ್ವ ಟೂರ್ನಿ ಗೆದ್ದ ಭಾರತ ತಂಡದಲ್ಲಿದ್ದರು. ಅಷ್ಟು ದೂರದಿಂದ ಮಗುವನ್ನು ಕರೆತಂದ ಆ ಮನೆಯವರೂ ನಮ್ಮ ಹಾಗೆಯೇ ರಾತ್ರಿ ಕುಳಿತು ಲೆಕ್ಕ ಹಾಕಿರಬೇಕಲ್ಲವೇ ಎಂದು ನನಗೆ ಅನ್ನಿಸುತ್ತದೆ. ಇದನ್ನೆಲ್ಲ ಅವಳಿಗೆ ಇದ್ದದ್ದು ಇದ್ದಂತೆ ಹೇಳಿದೆ. ಮುಂದೆ ಒಂದು ದಿನ ಹೋಗಬೇಕಾದೀತು, ಆದರೆ ಈ ವರ್ಷ ನಮ್ಮಿಂದ ಆಗುವುದಿಲ್ಲ ಎಂದೂ ಹೇಳಿದೆ. ಅವಳು ತಲೆಯಾಡಿಸಿ, ಚೀಲದಿಂದ ಹೊಸ ಪಟ್ಟಿ ತೆಗೆದು, ಹಿಡಿಕೆಗೆ ಕೆಳಗಿನಿಂದ ಮೇಲಕ್ಕೆ ಬಿಗಿಯಾಗಿ ಸುತ್ತತೊಡಗಿದಳು.

ರೈಲಿನಲ್ಲಿ ಅವಳು ಮಲಗಿದ ಮೇಲೆ ನನಗೆ ನಿದ್ದೆ ಬರಲಿಲ್ಲ. ಪ್ರಕಾಶರನ್ನು ಈ ಆಟಕ್ಕೆ ಹಚ್ಚಿದವರು ಅವರ ತಂದೆ ರಮೇಶ್ ಪಡುಕೋಣೆ. ಮೈಸೂರು ಬ್ಯಾಡ್ಮಿಂಟನ್ ಸಂಸ್ಥೆಯ ಕಾರ್ಯದರ್ಶಿಯಾಗಿ ಹಲವು ವರ್ಷ ದುಡಿದವರು. ಇಷ್ಟು ವರ್ಷ ಆ ಕಥೆಯಲ್ಲಿ ನಾನು ಮಗನನ್ನೇ ನೋಡುತ್ತಿದ್ದೆ, ಆ ರಾತ್ರಿ ತಂದೆಯ ಬಗ್ಗೆ ಯೋಚಿಸಿದೆ. ಊರಿನಲ್ಲಿ ಅಂಕಣವೇ ಇಲ್ಲದ ಕಾಲದಲ್ಲಿ ಪಂದ್ಯಾವಳಿ ನಡೆಸುವುದು, ನೆಟ್ ಕಟ್ಟಿಸುವುದು, ಶಟಲ್ ತರಿಸುವುದು ಇವೆಲ್ಲವೂ ಯಾರಾದರೊಬ್ಬರು ತಮ್ಮ ಕೆಲಸ ಮುಗಿಸಿಕೊಂಡು ಬಂದು ಮಾಡಲೇಬೇಕಾದ ಕೆಲಸಗಳು. ನಾನು ಮಗಳಿಗೆ ಬೂಟು, ರಾಕೆಟ್ಟು ಕೊಡಿಸಿದ್ದೆ, ಫೀಸು ಕಟ್ಟಿದ್ದೆ. ಭವನದ ಬಾಗಿಲು ಸಂಜೆ ನಾಲ್ಕಕ್ಕೇ ಏಕೆ ತೆರೆಯಬೇಕು ಎಂದು ಒಮ್ಮೆಯೂ ಯಾರನ್ನೂ ಕೇಳಿರಲಿಲ್ಲ.

ಸೋಮವಾರ ಬೆಳಿಗ್ಗೆ ಬ್ಯಾಂಕಿಗೆ ಹೋಗುವ ಮೊದಲು ಭವನದ ಸಮಿತಿಯವರಿಗೆ ಅರ್ಜಿ ಬರೆದುಕೊಟ್ಟೆ. ಬೆಳಿಗ್ಗೆ ಐದರಿಂದ ಏಳರವರೆಗೆ ಮಕ್ಕಳಿಗೆ ಅಂಕಣ ಬೇಕು, ವಿದ್ಯುತ್ ಖರ್ಚು ಪೋಷಕರದು, ಬಾಗಿಲು ತೆರೆದು ಮುಚ್ಚುವ ಹೊಣೆ ನನ್ನದು ಎಂದು. ಎರಡು ಸಭೆಗಳು ಬೇಕಾದವು, ಆದರೆ ಜೂನ್ ಕೊನೆಯ ವಾರ ಬೀಗದ ಕೈ ನನ್ನ ಕೈಗೆ ಬಂತು. ಕೋಚ್ ಕೂಡ ಬೆಳಗಿನ ಹೊತ್ತಿಗೆ ಬರಲು ಒಪ್ಪಿದರು. ಈಗ ಒಂಬತ್ತು ಮಕ್ಕಳು ಬರುತ್ತಾರೆ. ಮೊದಲ ಅರ್ಧ ಗಂಟೆ ಶಟಲ್ ಮುಟ್ಟುವಂತಿಲ್ಲ, ಬರೀ ಕಾಲಿನ ಕೆಲಸ. ಆ ಸಣ್ಣ ನೆಗೆತ ನನ್ನ ಮಗಳಿಗೆ ಇನ್ನೂ ತಾನಾಗಿ ಬರುವುದಿಲ್ಲ, ನೆನಪಿಟ್ಟುಕೊಂಡು ನೆಗೆಯುತ್ತಾಳೆ.

ಭವನದಲ್ಲಿ ಹಿಂದಿನ ದಿನ ಸಮಾರಂಭ ನಡೆದಿದ್ದರೆ ನಾವು ನಾಲ್ಕೂವರೆಗೇ ಹೋಗುತ್ತೇವೆ. ದೊಡ್ಡ ಮಕ್ಕಳು ಕುರ್ಚಿಗಳನ್ನು ಗೋಡೆಗೆ ಪೇರಿಸುತ್ತಾರೆ, ಚಿಕ್ಕವರು ನೆಟ್ ಬಿಚ್ಚಿ ಕಟ್ಟುತ್ತಾರೆ. ನೆಲ ಗುಡಿಸುವುದನ್ನು ಮಾತ್ರ ನನ್ನ ಮಗಳು ಬೇರೆಯವರಿಗೆ ಬಿಟ್ಟುಕೊಡುವುದಿಲ್ಲ. ಹೂವಿನ ಎಸಳು ಒಂದೂ ಉಳಿಯಬಾರದೆಂದು ಮೂಲೆಯಿಂದ ಮೂಲೆಗೆ ಎರಡು ಸಲ ಗುಡಿಸುತ್ತಾಳೆ.